ಹಗ್ಗದ ತುದಿ ಯಾರ ಕೈಯಲ್ಲಿದೆ? ಇಸ್ಲಾಂ ಮತ್ತು ಮರಣದಂಡನೆ

ಪ್ರಶ್ನೆ: ನಾನು ಸಕಲೇಶಪುರದಲ್ಲಿ ಹೈಸ್ಕೂಲ್ ಟೀಚರ್. ಕೊಲೆ ಕೇಸಿನಲ್ಲಿ ಮರಣದಂಡನೆಯಾಗಿ ಯಮನ್ ಜೈಲಿನಲ್ಲಿರುವ ಕೇರಳದ ನರ್ಸ್ ಸುದ್ದಿ ಬಂದಾಗಿನಿಂದ ನಮ್ಮ ಸ್ಟಾಫ್ ರೂಮಿನಲ್ಲಿ ಇದೇ ಮಾತು. ಒಬ್ಬರು "ಇಸ್ಲಾಮಿನಲ್ಲಿ ಕಣ್ಣಿಗೆ ಕಣ್ಣು, ತಲೆಗೆ ತಲೆ, ಬೇರೆ ಮಾತೇ ಇಲ್ಲ" ಅನ್ನುತ್ತಾರೆ. ಇನ್ನೊಬ್ಬರು "ದುಡ್ಡು ಕೊಟ್ಟರೆ ಕೊಲೆಯೂ ಮಾಫಿ, ಇದೆಂಥ ಕಾನೂನು" ಅನ್ನುತ್ತಾರೆ. ಎರಡೂ ಒಟ್ಟಿಗೆ ಹೇಗೆ ನಿಜ? ನಮ್ಮ ಕೋರ್ಟುಗಳಲ್ಲಿ ಸತ್ತವರ ಮನೆಯವರು ಹಾಗೆ ಕ್ಷಮಿಸಬಹುದೇ? ಮರಣದಂಡನೆ ಬೇಡ ಎನ್ನುವ ಮುಸ್ಲಿಮರು ಧರ್ಮಕ್ಕೆ ವಿರುದ್ಧ ಹೋದಂತೆಯೇ? ಕೊನೆಯದು, ನಮ್ಮ ಪಕ್ಕದ ಮನೆಯ ಬ್ಯಾರಿ ಕುಟುಂಬದ ಹುಡುಗ ಸೌದಿಗೆ ಡ್ರೈವರ್ ಕೆಲಸಕ್ಕೆ ಹೊರಟಿದ್ದಾನೆ. ಈ ಸುದ್ದಿಗಳನ್ನು ನೋಡಿ ಅವನ ತಾಯಿ ಹೆದರಿ ಕೂತಿದ್ದಾರೆ. ಅವರಿಗೆ ಏನು ಹೇಳಲಿ?

ಉತ್ತರ: ಟೀಚರ್, ಸಹೀಹ್ ಮುಸ್ಲಿಂ ಎಂಬ ಹದೀಸ್, ಅಂದರೆ ಪ್ರವಾದಿಯವರ ನಡೆನುಡಿಗಳ, ಸಂಗ್ರಹದಲ್ಲಿರುವ ಒಂದು ಘಟನೆಯಿಂದ ಶುರು ಮಾಡುತ್ತೇನೆ.

ಒಬ್ಬಾತ ಇನ್ನೊಬ್ಬನನ್ನು ಚರ್ಮದ ಹಗ್ಗದಲ್ಲಿ ಕಟ್ಟಿ ಎಳೆದುಕೊಂಡು ಪ್ರವಾದಿ ಮುಹಮ್ಮದರ ಮುಂದೆ ಬಂದ. "ಇವನು ನನ್ನ ಸಹೋದರನನ್ನು ಕೊಂದಿದ್ದಾನೆ" ಎಂದ. ಹೌದೇ ಎಂದು ಕೇಳಿದಾಗ ಕಟ್ಟಿಸಿಕೊಂಡವನು ಒಪ್ಪಿಕೊಂಡ. ಹೇಗೆ ಕೊಂದೆ? "ನಾವಿಬ್ಬರೂ ಮರದ ಸೊಪ್ಪು ಉದುರಿಸುತ್ತಿದ್ದೆವು. ಅವನು ಬೈದ, ನನಗೆ ಸಿಟ್ಟು ಬಂತು. ಕೊಡಲಿಯಿಂದ ತಲೆಗೆ ಹೊಡೆದೆ." ಅವನ ಜೀವಕ್ಕೆ ಬದಲಾಗಿ ಕೊಡಲು ನಿನ್ನಲ್ಲಿ ಏನಾದರೂ ಇದೆಯೇ? "ಮೈಮೇಲಿನ ಬಟ್ಟೆ, ಈ ಕೊಡಲಿ, ಅಷ್ಟೇ." ನಿನ್ನ ಜನ ಹಣ ಕೊಟ್ಟು ಬಿಡಿಸಿಕೊಂಡಾರೇ? "ನನ್ನ ಜನಕ್ಕೆ ನಾನು ಅಷ್ಟು ಬೆಲೆಯವನಲ್ಲ." ಪ್ರವಾದಿಯವರು ಹಗ್ಗದ ತುದಿಯನ್ನು ದೂರು ತಂದವನತ್ತ ಎಸೆದು "ನಿನ್ನವನನ್ನು ಕರೆದುಕೊಂಡು ಹೋಗು" ಎಂದರು. ಅವನು ಬೆನ್ನು ತಿರುಗಿಸಿ ಹೊರಟ ಮೇಲೆ "ಅವನನ್ನು ಕೊಂದರೆ ಇವನೂ ಅವನಂತೆಯೇ" ಎಂದರು. ಆ ಮಾತು ಕಿವಿಗೆ ಬಿದ್ದು ಅವನು ವಾಪಸ್ ಬಂದ. ನಿಮ್ಮ ಅಪ್ಪಣೆಯಂತೆಯೇ ಕರೆದೊಯ್ದೆನಲ್ಲ ಎಂದು ಕೇಳಿದ. ನಿನ್ನ ಪಾಪವನ್ನೂ ನಿನ್ನ ಸಹೋದರನ ಪಾಪವನ್ನೂ ಈ ಕೊಂದವನೇ ಹೊರುವುದು ನಿನಗೆ ಬೇಡವೇ ಎಂದು ಪ್ರವಾದಿಯವರು ತಿರುಗಿ ಕೇಳಿದರು. ಅವನು ಹಗ್ಗ ಬಿಸಾಡಿ ಕೊಂದವನನ್ನು ಬಿಟ್ಟುಬಿಟ್ಟ.

ಮರಗಸಿ, ಅಂದರೆ ನೆರಳುಮರದ ಕೊಂಬೆ ಕಡಿಯುವ ಕಾಲದಲ್ಲಿ ಕಾಫಿ ತೋಟಕ್ಕೆ ಕಾಲಿಟ್ಟವರಿಗೆ ಈ ದೃಶ್ಯವನ್ನು ಬಿಡಿಸಿ ಹೇಳಬೇಕಿಲ್ಲ. ಇಬ್ಬರು ಮರದ ಬಳಿ, ಕೈಯಲ್ಲಿ ಹರಿತದ ಆಯುಧ, ನಡುವೆ ಒಂದು ಕೆಟ್ಟ ಮಾತು. ನಾನು 22 ವರ್ಷದಿಂದ ಹಾಸನದಲ್ಲಿ ಕ್ರಿಮಿನಲ್ ಕೇಸುಗಳನ್ನು ನಡೆಸುತ್ತಿದ್ದೇನೆ. ಚಿಕ್ಕಂದಿನಲ್ಲಿ ಮದರಸದಲ್ಲಿ ಕಲಿತೆ, ಆಮೇಲೆ ಫಿಕ್ಹ್ ಅಂದರೆ ಇಸ್ಲಾಮೀ ಧರ್ಮಶಾಸ್ತ್ರದ ಗ್ರಂಥಗಳನ್ನು ಕೂತು ಓದಿದೆ. ಕೊಲೆ ಕೇಸಿನ ಚಾರ್ಜ್‌ಶೀಟ್ ಬಿಚ್ಚಿದಾಗೆಲ್ಲ ಆ ಕೊಡಲಿಯ ಮನುಷ್ಯ ನೆನಪಾಗುತ್ತಾನೆ. ಬೇಲಿ ಜಗಳ, ಬೋರ್‌ವೆಲ್ ನೀರು, ಕುಡಿದ ಅಮಲಿನಲ್ಲಿ ಆಡಿದ ಮಾತು, ಕೈಗೆ ಸಿಕ್ಕ ಮಚ್ಚು. ಯೋಚಿಸಿ, ಸಂಚು ಹೂಡಿ ಕೊಂದವರಿಗಿಂತ ಒಂದು ನಿಮಿಷದಲ್ಲಿ ಕೆಟ್ಟವರನ್ನೇ ನಾನು ಹೆಚ್ಚು ಕಂಡಿದ್ದೇನೆ.

ಆ ಘಟನೆಯಲ್ಲಿ ಹಗ್ಗ ಯಾರ ಕೈಯಲ್ಲಿದೆ ನೋಡಿ. ಸರ್ಕಾರದ ಕೈಯಲ್ಲಿಲ್ಲ, ಸತ್ತವನ ಸಹೋದರನ ಕೈಯಲ್ಲಿದೆ. ನ್ಯಾಯ ಹೇಳುವವರು ಅವನ ಹಕ್ಕನ್ನು ಅಲ್ಲಗಳೆಯಲಿಲ್ಲ, ಹಗ್ಗವನ್ನು ಅವನಿಗೇ ಕೊಟ್ಟರು. ಕೊಟ್ಟ ಮೇಲೆ ಅವನ ಮನಸ್ಸನ್ನು ಬಿಡುವ ಕಡೆಗೆ ತಿರುಗಿಸಿದರು. ಕೊಲೆಗೆ ಇಸ್ಲಾಂ ಹೇಳುವ ಶಿಕ್ಷೆಯ ಒಳಗುಟ್ಟು ಇದೇ. ನಿಮ್ಮ ಮೊದಲನೆಯ ಸಹೋದ್ಯೋಗಿ ಹಗ್ಗವನ್ನು ಮಾತ್ರ ನೋಡಿದ್ದಾರೆ, ಎರಡನೆಯವರು ಅದು ಬಿಚ್ಚಿದ್ದನ್ನು ಮಾತ್ರ.

ಈ ಶಿಕ್ಷೆಯ ಹೆಸರು ಕಿಸಾಸ್. 'ಕಣ್ಣಿಗೆ ಕಣ್ಣು' ಇಸ್ಲಾಂ ತಂದ ಹೊಸ ಮಾತಲ್ಲ. ಹಮ್ಮುರಾಬಿಯ ಶಾಸನದಲ್ಲಿ ಇತ್ತು, ಯಹೂದಿಗಳ ತೋರಾದಲ್ಲಿ ಇತ್ತು. ಕುರ್‌ಆನಿನ 5ನೇ ಅಧ್ಯಾಯದ 45ನೇ ವಚನ ಅದನ್ನು ತೋರಾದ ವಿಧಿ ಎಂದೇ ನೆನಪಿಸಿ, ಯಾರು ಅದನ್ನು ದಾನವಾಗಿ ಬಿಟ್ಟುಕೊಡುತ್ತಾರೋ ಅದು ಅವರ ಪಾಪಗಳಿಗೆ ಪರಿಹಾರ ಎಂದು ಸೇರಿಸುತ್ತದೆ. ಇಸ್ಲಾಂ ಬಂದಾಗ ಅರಬ್ ಬುಡಕಟ್ಟುಗಳಲ್ಲಿ ನಡೆಯುತ್ತಿದ್ದುದು ಸಮ ಸೇಡೂ ಆಗಿರಲಿಲ್ಲ. ನಮ್ಮವನೊಬ್ಬ ಸತ್ತರೆ ನಿಮ್ಮ ಹತ್ತು ಮಂದಿ, ನಮ್ಮ ಆಳು ಸತ್ತರೆ ನಿಮ್ಮ ಯಜಮಾನ, ಹೀಗೆ ತಲೆಮಾರುಗಟ್ಟಲೆ ರಕ್ತ ಹರಿಯುತ್ತಿತ್ತು. ಆ ಹೊತ್ತಿನಲ್ಲಿ ಬಂದದ್ದು 2ನೇ ಅಧ್ಯಾಯದ 178ನೇ ವಚನ. ಕೊಂದವನೊಬ್ಬನೇ ಹೊಣೆ, ಅವನ ಅಣ್ಣತಮ್ಮಂದಿರಾಗಲಿ ಊರಾಗಲಿ ಅಲ್ಲ. ಅದೇ ವಚನದ ಮುಂದಿನ ಸಾಲು ಕ್ಷಮಿಸುವವನನ್ನು ಕೊಂದವನ 'ಸಹೋದರ' ಎಂದು ಕರೆಯುತ್ತದೆ. ಸಹೋದರನಿಂದ ಏನಾದರೂ ಮಾಫಿ ಸಿಕ್ಕಿದರೆ ಕ್ಷಮಿಸಿದವನು ನ್ಯಾಯವಾಗಿ ಕೇಳಲಿ, ಕೊಂದವನು ಒಳ್ಳೆಯ ರೀತಿಯಲ್ಲಿ ಕೊಡಲಿ, ಇದು ನಿಮ್ಮ ಪ್ರಭುವಿನ ಕಡೆಯಿಂದ ಒಂದು ರಿಯಾಯಿತಿ, ಒಂದು ಕರುಣೆ ಎನ್ನುತ್ತದೆ. ಕೊಂದವನಿಗೂ ಕಳೆದುಕೊಂಡವನಿಗೂ ನಡುವೆ 'ಸಹೋದರ' ಎಂಬ ಮಾತು ಇಟ್ಟದ್ದನ್ನು ಓದಿದಾಗೆಲ್ಲ ನಾನು ಅಲ್ಲೇ ಸ್ವಲ್ಪ ಹೊತ್ತು ನಿಲ್ಲುತ್ತೇನೆ. ಪ್ರವಾದಿಯವರು ಕೊನೆಯ ಹಜ್ಜಿನ ಭಾಷಣದಲ್ಲಿ ಹಳೆಯ ರಕ್ತದ್ವೇಷಗಳೆಲ್ಲ ರದ್ದು ಎಂದು ಸಾರಿದರು. ರದ್ದು ಮಾಡಿದ ಮೊದಲ ಸೇಡು ಅವರ ಸ್ವಂತ ವಂಶಕ್ಕೆ ಬರಬೇಕಾಗಿದ್ದದ್ದು. ಅವರ ಬಳಿ ಬಹುಕಾಲ ಇದ್ದ ಅನಸ್ ಹೇಳಿದ ಮಾತು ಅಬೂ ದಾವೂದ್ ಸಂಗ್ರಹದಲ್ಲಿದೆ: ಕಿಸಾಸಿನ ಯಾವುದೇ ತಕರಾರು ಬಂದರೂ ಅವರು ಕ್ಷಮಿಸುವಂತೆ ಹೇಳದೆ ಇದ್ದದ್ದನ್ನು ನಾನು ನೋಡಿಲ್ಲ.

ಧರ್ಮಶಾಸ್ತ್ರಜ್ಞರು ಇದರ ಸುತ್ತ ಕಟ್ಟಿದ ನಿಬಂಧನೆಗಳು ಬಹಳ. ಕೊಲ್ಲುವ ಉದ್ದೇಶ ಖಚಿತವಾಗಬೇಕು. ತೀರ್ಪು ಖಾಝಿಯದೇ ಆಗಬೇಕು, ತಾನೇ ಮಚ್ಚು ಹಿಡಿದು ಹೋಗುವ ಹಾಗಿಲ್ಲ. ವಾರಸುದಾರರಿಗೆ ಅಧಿಕಾರ ಕೊಟ್ಟಿದ್ದೇವೆ, ಆದರೆ ಕೊಲ್ಲುವ ವಿಷಯದಲ್ಲಿ ಅವನು ಮಿತಿ ಮೀರಬಾರದು ಎಂದು 17ನೇ ಅಧ್ಯಾಯದ 33ನೇ ವಚನ ತಾಕೀತು ಮಾಡುತ್ತದೆ. ವಾರಸುದಾರರು ಹಲವರಿದ್ದು ಒಬ್ಬರು ಕ್ಷಮಿಸಿದರೂ ಸಾಕು, ಧರ್ಮಶಾಸ್ತ್ರದ ಹೆಚ್ಚಿನ ಪಂಥಗಳಲ್ಲಿ ಮರಣದಂಡನೆ ಬಿದ್ದುಹೋಗುತ್ತದೆ. ಮಿಕ್ಕವರಿಗೆ ಪರಿಹಾರದ ಪಾಲು ಮಾತ್ರ. ಸತ್ತವನ ಮಕ್ಕಳು ಚಿಕ್ಕವರಿದ್ದರೆ ಅವರು ದೊಡ್ಡವರಾಗಿ ತಮ್ಮ ಮನಸ್ಸು ಹೇಳುವ ತನಕ ಕಾಯಬೇಕು ಎನ್ನುವುದು ಶಾಫಿಈ ಪಂಥ. ನಿಮ್ಮ ಪಕ್ಕದ ಮನೆಯವರು ಬ್ಯಾರಿಗಳಾದ್ದರಿಂದ ಅವರು ನಡೆಯುವುದು ಇದೇ ಪಂಥದಲ್ಲಿ. ಹಾಸನ ಪೇಟೆಯಲ್ಲಿ ಉರ್ದು ಮಾತಾಡುವ ಹೆಚ್ಚಿನ ಮುಸ್ಲಿಮರು ಹನಫಿಗಳು, ಅವರಲ್ಲಿ ಇಂಥ ವಿವರಗಳು ಬೇರೆ ಇವೆ.

ಇನ್ನು ದಿಯತ್. ಪೇಪರಿನಲ್ಲಿ ಬರುವ 'ಬ್ಲಡ್ ಮನಿ' ಅದೇ. ಹಳೆಯ ಲೆಕ್ಕದಲ್ಲಿ ಒಂದು ಜೀವಕ್ಕೆ 100 ಒಂಟೆ. ಕೈತಪ್ಪಿ ಆದ ಸಾವಿಗೆ ಮರಣದಂಡನೆಯ ಪ್ರಶ್ನೆಯೇ ಇಲ್ಲ. ದಿಯತ್ ಕೊಡಬೇಕು, ಜೊತೆಗೆ ಪ್ರಾಯಶ್ಚಿತ್ತ ಮಾಡಿಕೊಳ್ಳಬೇಕು ಎಂದು 4ನೇ ಅಧ್ಯಾಯದ 92ನೇ ವಚನ ಹೇಳುತ್ತದೆ. ಉದ್ದೇಶಪೂರ್ವಕ ಕೊಲೆಯಲ್ಲಿ ವಾರಸುದಾರರ ಮುಂದೆ ಮೂರು ದಾರಿ: ಶಿಕ್ಷೆ ಕೇಳಬಹುದು, ದಿಯತ್ ತೆಗೆದುಕೊಂಡು ಬಿಡಬಹುದು, ಏನೂ ತೆಗೆದುಕೊಳ್ಳದೆಯೂ ಬಿಡಬಹುದು. ರಾಜಿ ಮಾಡಿಕೊಳ್ಳುವಾಗ ಗೊತ್ತುಪಡಿಸಿದ ದಿಯತ್‌ಗಿಂತ ಎಷ್ಟು ಹೆಚ್ಚು ಬೇಕಾದರೂ ಕೇಳಬಹುದು. ಸೌದಿಯಲ್ಲಿ ಮರಣದಂಡನೆಗೆ ಗುರಿಯಾಗಿದ್ದ ಕೋಳಿಕ್ಕೋಡಿನ ಒಬ್ಬ ಡ್ರೈವರ್ ವಿಷಯದಲ್ಲಿ 1.5 ಕೋಟಿ ರಿಯಾಲ್, ನಮ್ಮ ಲೆಕ್ಕದಲ್ಲಿ ಸುಮಾರು 34 ಕೋಟಿ ರೂಪಾಯಿ ಕೂಡಿಸಬೇಕಾಗಿ ಬಂದದ್ದು ಹಾಗೆ. 2024ರ ಏಪ್ರಿಲ್‌ನಲ್ಲಿ ಮಲಯಾಳಿಗಳು ಜಾತಿ ಧರ್ಮ ನೋಡದೆ ಆ ಹಣ ಹೊಂದಿಸಿದರು. ಅದೇ ವರ್ಷ ಜುಲೈಯಲ್ಲಿ ರಿಯಾದ್ ಕೋರ್ಟು ಮರಣದಂಡನೆ ರದ್ದು ಮಾಡಿತು. ಆದರೂ ಅವನು ಮರುದಿನವೇ ಮನೆಗೆ ಬರಲಿಲ್ಲ. ಶರೀಅತ್ ಪ್ರಕಾರ ಕೊಲೆಯಲ್ಲಿ ಮನೆಯವರ ಹಕ್ಕು ಒಂದು, ಸಮಾಜದ ಹಕ್ಕು ಇನ್ನೊಂದು. ಮನೆಯವರು ಬಿಟ್ಟರೂ ಸಮಾಜದ ಪರವಾಗಿ ಕೋರ್ಟು ಜೈಲು ಹಾಕಬಹುದು. 2025ರಲ್ಲಿ ಅವನಿಗೆ 20 ವರ್ಷ ಎಂದು ಗೊತ್ತುಮಾಡಿದ್ದು ಈ ಎರಡನೆಯ ಹಕ್ಕಿನ ಹೆಸರಿನಲ್ಲಿ. ಹಾಗಾಗಿ 'ದುಡ್ಡು ಕೊಟ್ಟರೆ ಕೊಲೆಯೂ ಮಾಫಿ' ಎಂಬ ಮಾತು ಪೂರ್ತಿ ಸರಿಯಲ್ಲ.

ಬೇಡ ಎನ್ನುವ ಹಕ್ಕೂ ವಾರಸುದಾರರಿಗಿದೆ. ಯಮನ್ ಪ್ರಕರಣದಲ್ಲಿ 2025ರ ಜುಲೈ 16ಕ್ಕೆ ಗೊತ್ತಾಗಿದ್ದ ಶಿಕ್ಷೆ ಹಿಂದಿನ ದಿನ ಮುಂದಕ್ಕೆ ಹೋಯಿತು. ಕಾಂತಪುರಂ ಎ.ಪಿ. ಅಬೂಬಕ್ಕರ್ ಮುಸ್ಲಿಯಾರರಂಥ ಹಿರಿಯ ಧರ್ಮಗುರುಗಳು ಅಲ್ಲಿಯ ಧರ್ಮಗುರುಗಳ ಮೂಲಕ ಮಾತಾಡಿದರು. ಸತ್ತವನ ಸಹೋದರ ಮಾತ್ರ ನಮಗೆ ಹಣ ಬೇಡ, ಕಿಸಾಸ್ ಬೇಕು ಎಂದು ಬಹಿರಂಗವಾಗಿ ಹೇಳಿದರು. ನಮ್ಮ ಟಿವಿಗಳಲ್ಲಿ ಕೆಲವರು ಅವರನ್ನು ಕಲ್ಲುಹೃದಯದವರು ಎಂದರು. ನನಗೆ ಅದು ಸರಿ ಕಾಣಲಿಲ್ಲ. ಕ್ಷಮೆ ದೊಡ್ಡದು, ಆದರೆ ಇನ್ನೊಬ್ಬರ ಮನೆಯ ಸಾವಿಗೆ ನಾವು ಕ್ಷಮೆಯನ್ನು ಬಾಕಿ ವಸೂಲಿ ಮಾಡಿದ ಹಾಗೆ ಕೇಳಬಾರದು. ಆ ಮನೆಯಲ್ಲೂ ಒಂದು ತಟ್ಟೆ ಖಾಲಿ ಇದೆ.

ಕ್ಷಮೆ ಹೇಗೆ ಬರುತ್ತದೆ ಎಂಬುದಕ್ಕೆ 2014ರ ಏಪ್ರಿಲ್‌ನಲ್ಲಿ ಇರಾನಿನ ನೋಶಹ್ರ್ ಪಟ್ಟಣದಲ್ಲಿ ನಡೆದದ್ದನ್ನು ನೋಡಿ. ಏಳು ವರ್ಷದ ಹಿಂದೆ ಬೀದಿ ಜಗಳದಲ್ಲಿ ಒಬ್ಬ ಹುಡುಗ ಇನ್ನೊಬ್ಬ ಹುಡುಗನಿಗೆ ಚೂರಿ ಹಾಕಿದ್ದ. ಕೊಂದವನ ಕಣ್ಣಿಗೆ ಬಟ್ಟೆ ಕಟ್ಟಿ, ಕೊರಳಿಗೆ ನೇಣು ಹಾಕಿ ಜನರ ಮುಂದೆ ನಿಲ್ಲಿಸಿದ್ದರು. ಕಾಲಡಿಯ ಕುರ್ಚಿ ತಳ್ಳುವುದಷ್ಟೇ ಬಾಕಿ. ಸತ್ತ ಹುಡುಗನ ತಾಯಿ ಮುಂದೆ ಬಂದರು, ಅವನ ಕೆನ್ನೆಗೆ ಒಂದು ಏಟು ಹೊಡೆದರು, ಗಂಡನ ಜೊತೆ ಸೇರಿ ಕೊರಳಿನ ಕುಣಿಕೆ ಬಿಚ್ಚಿದರು. ಆಮೇಲೆ ಕೊಂದವನ ತಾಯಿ, ಸತ್ತವನ ತಾಯಿ ಒಬ್ಬರನ್ನೊಬ್ಬರು ತಬ್ಬಿಕೊಂಡು ಅತ್ತ ಚಿತ್ರ ಜಗತ್ತೆಲ್ಲ ಹರಡಿತು. ನನ್ನ ಮನಸ್ಸಿನಲ್ಲಿ ಉಳಿದದ್ದು ಆ ಏಟು. ಅದು ಬಿದ್ದಿದ್ದರಿಂದಲೇ ಕೈ ಕುಣಿಕೆಯವರೆಗೆ ಹೋಗಲು ಸಾಧ್ಯವಾಯಿತೇನೋ.

ಈ ಪದ್ಧತಿಯನ್ನು ಮೆಚ್ಚುವವನಾಗಿ ಅದರ ಬಿರುಕುಗಳನ್ನೂ ಹೇಳಲೇಬೇಕು. ಕೊಂದವನು ಶ್ರೀಮಂತ, ಸತ್ತವನು ಕೂಲಿಯವನಾದರೆ ರಾಜಿ ಎಂಬುದು ಒತ್ತಡದ ಇನ್ನೊಂದು ಹೆಸರಾಗುತ್ತದೆ. ಕೊಂದವನೂ ಕ್ಷಮಿಸುವವನೂ ಒಂದೇ ಮನೆಯವರಾದರೆ ಇನ್ನೂ ಕೆಟ್ಟದು. ಪಾಕಿಸ್ತಾನ 1990ರಲ್ಲಿ ಕಿಸಾಸ್ ಮತ್ತು ದಿಯತ್ ಕಾನೂನು ತಂದ ಮೇಲೆ ಮರ್ಯಾದೆ ಹೆಸರಿನ ಕೊಲೆಗಳಲ್ಲಿ ನಡೆದದ್ದು ಇದೇ. ಅಣ್ಣ ತಂಗಿಯನ್ನು ಕೊಲ್ಲುತ್ತಾನೆ, ಅಪ್ಪ ವಾರಸುದಾರನಾಗಿ ಮಗನನ್ನು ಕ್ಷಮಿಸುತ್ತಾನೆ, ಕೇಸು ಮುಗಿಯುತ್ತದೆ. 2016ರ ಜುಲೈಯಲ್ಲಿ ಕಂದೀಲ್ ಬಲೋಚ್ ಎಂಬ ಹೆಸರಾಂತ ಯುವತಿಯನ್ನು ಸಹೋದರ ಕೊಂದಾಗ ದೇಶವೇ ಎದ್ದು ನಿಂತಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಸಂಸತ್ತು ಕಾನೂನು ತಿದ್ದಿ, ಇಂಥ ಕೊಲೆಗಳಲ್ಲಿ ಮನೆಯವರು ಮಾಫಿ ಮಾಡಿದರೂ ಜೀವಾವಧಿ ತಪ್ಪದು ಎಂದಿತು. ಆದರೂ 2022ರಲ್ಲಿ ಆ ಸಹೋದರ ಮೇಲ್ಮನವಿಯಲ್ಲಿ ಬಿಡುಗಡೆಯಾದ, ತಾಯಿ ಕ್ಷಮಿಸಿದ್ದರು. ಹಳೆಯ ಗ್ರಂಥಗಳಲ್ಲೇ ಇರುವ ತೊಡಕುಗಳೂ ಇವೆ. ಮಗುವನ್ನು ಕೊಂದ ತಂದೆಗೆ ಕಿಸಾಸ್ ಇಲ್ಲ ಎನ್ನುವುದು ಹೆಚ್ಚಿನವರ ಮತ. ಕಿಸಾಸಿನಲ್ಲಿ ಹೆಣ್ಣುಮಕ್ಕಳ ಸಾಕ್ಷಿಯನ್ನು ಹಳಬರು ಪರಿಗಣಿಸಲಿಲ್ಲ. ಮುಸ್ಲಿಮೇತರನನ್ನು ಕೊಂದ ಮುಸ್ಲಿಮನಿಗೆ ಕಿಸಾಸ್ ಇಲ್ಲ ಎಂದು ಮೂರು ಸುನ್ನೀ ಪಂಥಗಳು ಹೇಳಿದರೆ, ಇಮಾಂ ಅಬೂ ಹನೀಫಾ ಒಪ್ಪಲಿಲ್ಲ. 'ಜೀವಕ್ಕೆ ಜೀವ' ಎಂದ ದೇವರು ಯಾವ ಧರ್ಮದ ಜೀವ ಎಂದು ಕೇಳಲಿಲ್ಲ, ನಮ್ಮ ನಾಡಿನಲ್ಲಿ ರಕ್ಷಣೆಯಲ್ಲಿರುವವನ ಜೀವಕ್ಕೂ ಅದೇ ಬೆಲೆ ಎಂಬುದು ಹನಫಿಗಳ ವಾದ. ಬೇರೆ ಬೇರೆ ಧರ್ಮದವರ ನಡುವೆ ಬದುಕುವ ನನಗೆ ಈ ವಾದವೇ ಕುರ್‌ಆನಿನ ಮಾತಿಗೆ ಹತ್ತಿರ ಎನಿಸುತ್ತದೆ.

ಇನ್ನು ನಮ್ಮ ಕೋರ್ಟಿನ ಪ್ರಶ್ನೆ. ಕೆಲವು ವರ್ಷದ ಹಿಂದೆ ಒಂದು ಕೊಲೆ ಕೇಸಿನಲ್ಲಿ ನಾನು ಆರೋಪಿ ಪರ ಇದ್ದೆ. ಕೊಂದವನೂ ಸತ್ತವನೂ ದಾಯಾದಿಗಳು, ಒಕ್ಕಲುತನದ ಹಿಂದೂ ಮನೆಯವರು. ಅಪರಾಧ ರುಜುವಾತಾಗಿ ಶಿಕ್ಷೆಯ ಪ್ರಮಾಣದ ಮೇಲೆ ವಾದ ಇದ್ದ ದಿನ ಸತ್ತವನ ತಾಯಿ ಬಂದು ಕೊನೆಯ ಬೆಂಚಿನಲ್ಲಿ ಕೂತಿದ್ದರು. ಬಸ್ ಟಿಕೆಟನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡಿದ್ದರು. ಊಟದ ಬಿಡುವಿನಲ್ಲಿ ಕಾರಿಡಾರಿನಲ್ಲಿ ನನ್ನ ಕೋಟು ಹಿಡಿದು ನಿಲ್ಲಿಸಿ, "ಲಾಯ್ರಪ್ಪ, ಅವನಿಗೆ ನೇಣು ಬೇಡ ಅಂತ ನಾನು ಹೇಳ್ದೆ ಅಂತ ಜಡ್ಜರಿಗೆ ಹೇಳಪ್ಪ. ಅವನ ಮಗೀಗೆ ದಿನಾ ಹಾಲು ಕಾಯ್ಸಿ ಕೊಡೋಳು ನಾನೇ" ಎಂದರು. ಆ ಕೇಸಿನ ಹೆಸರು 'ಕರ್ನಾಟಕ ರಾಜ್ಯ ವಿರುದ್ಧ' ಎಂದು ಶುರುವಾಗುತ್ತದೆ. ಫೈಲಿನಲ್ಲಿ ಆ ತಾಯಿ ಮೂರನೇ ಸಾಕ್ಷಿ, ಅಷ್ಟೇ. ಶಿಕ್ಷೆ ಜೀವಾವಧಿಯಾಯಿತು. ಅವರ ಮಾತು ಯಾವ ಕಾಗದದಲ್ಲೂ ಬರಲಿಲ್ಲ, ಬರಲು ಜಾಗವೂ ಇರಲಿಲ್ಲ.

ಭಾರತದಲ್ಲಿ ಕೊಲೆ ರಾಜಿ ಆಗದ ಅಪರಾಧ. ಕೋರ್ಟಿನವರ ಬಾಯಲ್ಲಿ ಇನ್ನೂ '302' ಎಂದೇ ಇರುವ ಸೆಕ್ಷನ್ 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 103 ಆಗಿದೆ. ಶಿಕ್ಷೆ ಮರಣದಂಡನೆ ಅಥವಾ ಜೀವಾವಧಿ. ಸತ್ತವರ ಮನೆಯವರು, ಯಾವ ಧರ್ಮದವರೇ ಆಗಲಿ, ಕ್ಷಮಿಸಿ ಕೇಸು ಮುಗಿಸುವ ಹಾಗಿಲ್ಲ. 1937ರ ಶರೀಅತ್ ಕಾಯ್ದೆ ಮುಸ್ಲಿಮರಿಗೆ ಅನ್ವಯವಾಗುವುದು ಮದುವೆ, ತಲಾಖ್, ಆಸ್ತಿಹಕ್ಕು, ವಕ್ಫ್ ಇಂಥ ವಿಷಯಗಳಿಗೆ ಮಾತ್ರ, ಅಪರಾಧಗಳಿಗೆ ಇಲ್ಲ. ಕ್ಷಮಿಸುವ ಅಧಿಕಾರ ಸಂವಿಧಾನದ 72ನೇ ವಿಧಿಯಂತೆ ರಾಷ್ಟ್ರಪತಿಗೆ, 161ನೇ ವಿಧಿಯಂತೆ ರಾಜ್ಯಪಾಲರಿಗೆ. ಮರಣದಂಡನೆ ವಿಧಿಸುವ ಮುಂಚೆ 'ಅಪರೂಪದಲ್ಲಿ ಅಪರೂಪ' ಎಂಬ ಅಳತೆಗೋಲು ಇದೆ, 1980ರ ಬಚನ್ ಸಿಂಗ್ ತೀರ್ಪಿನಿಂದ ಬಂದದ್ದು. ಸೆಷನ್ಸ್ ಕೋರ್ಟು ವಿಧಿಸಿದರೂ ಹೈಕೋರ್ಟು ಒಪ್ಪದೆ ಜಾರಿಯಾಗದು. 2015ರಲ್ಲಿ ಕಾನೂನು ಆಯೋಗ ತನ್ನ 262ನೇ ವರದಿಯಲ್ಲಿ, ಭಯೋತ್ಪಾದನೆ ಮತ್ತು ದೇಶದ ಮೇಲಿನ ಯುದ್ಧದ ಅಪರಾಧಗಳನ್ನು ಬಿಟ್ಟು ಉಳಿದೆಲ್ಲಕ್ಕೂ ಮರಣದಂಡನೆ ತೆಗೆಯಿರಿ ಎಂದು ಶಿಫಾರಸು ಮಾಡಿತು. ಆ ಶಿಫಾರಸು ಕಾನೂನಾಗಲಿಲ್ಲ.

ಬಹಳ ಜನಕ್ಕೆ ತಿಳಿಯದ ಸಂಗತಿ ಎಂದರೆ, ಒಂದು ಕಾಲಕ್ಕೆ ಬಂಗಾಳದ ಕಡೆ ಈಸ್ಟ್ ಇಂಡಿಯಾ ಕಂಪನಿಯ ಕೋರ್ಟುಗಳಲ್ಲಿ ನಡೆಯುತ್ತಿದ್ದುದು ಹನಫೀ ಅಪರಾಧ ಕಾನೂನೇ. ಔರಂಗಜೇಬನ ಕಾಲದಲ್ಲಿ ಸಂಗ್ರಹವಾದ ಫತಾವಾ ಆಲಂಗೀರಿ ಎಂಬ ಧರ್ಮಶಾಸ್ತ್ರ ಗ್ರಂಥವನ್ನು ನೋಡಿ ಮೌಲವಿಗಳು ಫತ್ವಾ ಕೊಡುತ್ತಿದ್ದರು, ಇಂಗ್ಲಿಷ್ ಜಡ್ಜ್ ತೀರ್ಪು ಬರೆಯುತ್ತಿದ್ದ. ವಾರಸುದಾರರು ಕೊಲೆಗಾರನನ್ನು ಕ್ಷಮಿಸುವುದನ್ನು ಕಂಪನಿಯ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಒಪ್ಪಲಿಲ್ಲ. 1790ರ ದಶಕದಲ್ಲಿ ಆ ಹಕ್ಕನ್ನು ಕಿತ್ತುಹಾಕಿದ. 1860ರ ದಂಡಸಂಹಿತೆ ಬಂದ ಮೇಲೆ ಉಳಿದದ್ದೂ ಮುಗಿಯಿತು. ದುರುಪಯೋಗ ತಪ್ಪಿಸುವ ಕಾರಣವೂ ಅದಕ್ಕಿತ್ತು, ಇಲ್ಲವೆನ್ನುವುದಿಲ್ಲ. ಆದರೆ ದುರುಪಯೋಗದ ಜೊತೆಗೆ ಆ ಹಾಲು ಕಾಯಿಸುವ ತಾಯಿಯ ಮಾತಿಗಿದ್ದ ಜಾಗವೂ ಹೋಯಿತು. ಕ್ಷಮೆ ಅವರೊಬ್ಬರ ಕೈಯಲ್ಲೇ ಇರಬೇಕು ಎಂದು ನಾನು ಕೇಳುವುದಿಲ್ಲ, ಪಾಕಿಸ್ತಾನ ಕಣ್ಣ ಮುಂದಿದೆ. ಶಿಕ್ಷೆಯ ವಿಚಾರಣೆಯಲ್ಲಿ ಜಡ್ಜರು ಅವರನ್ನು ಕರೆದು ಕೇಳಲಿ, ಕೇಳಿದ್ದನ್ನು ದಾಖಲಿಸಲಿ ಎಂದಷ್ಟೇ ನನ್ನ ಆಸೆ. ಪರಿಹಾರದ ಮಟ್ಟಿಗೆ ಈಗ ದಾರಿ ಇದೆ: ಸಂತ್ರಸ್ತರ ಪರಿಹಾರ ಯೋಜನೆಯಡಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಹಾಕಬಹುದು. ದುಡ್ಡು ಸರ್ಕಾರದ್ದು, ಕೊಂದವನ ಕಡೆಯಿಂದ ಬಂದದ್ದಲ್ಲ. ಹಾಗಾಗಿ ಪಡೆದವರು ಕೊಂದವನಿಗೆ ಏನನ್ನೂ ಬಿಟ್ಟುಕೊಡಬೇಕಿಲ್ಲ.

ಕೊಲೆಯಲ್ಲದ ಅಪರಾಧಗಳಿಗೂ ಮರಣದಂಡನೆ ಇದೆಯಲ್ಲ ಎಂದು ನೀವು ಕೇಳಬಹುದು. ಇದೆ, ಅವು ಹುದೂದ್ ಎಂಬ, ಗ್ರಂಥಗಳಲ್ಲೇ ಶಿಕ್ಷೆ ಗೊತ್ತುಮಾಡಿರುವ ಗುಂಪಿನವು. ದಾರಿಗಳ್ಳತನ ಮಾಡಿ ಜೀವ ತೆಗೆದವರಿಗೆ 5ನೇ ಅಧ್ಯಾಯದ 33ನೇ ವಚನದಲ್ಲಿ ಮರಣದಂಡನೆ ಇದೆ. ಸಿಕ್ಕಿಬೀಳುವ ಮೊದಲೇ ಪಶ್ಚಾತ್ತಾಪಪಟ್ಟವರಿಗೆ ಅದು ಇಲ್ಲ ಎಂದು ಮುಂದಿನ ವಚನ ಹೇಳುತ್ತದೆ. ವ್ಯಭಿಚಾರಕ್ಕೆ ಕುರ್‌ಆನಿನಲ್ಲಿ ಇರುವುದು 100 ಛಡಿ ಏಟು. ವಿವಾಹಿತರಿಗೆ ಕಲ್ಲೆಸೆದು ಕೊಲ್ಲುವ ಶಿಕ್ಷೆ ಬಂದದ್ದು ಹದೀಸಿನಿಂದ. ಕೃತ್ಯವನ್ನೇ ಕಣ್ಣಾರೆ ಕಂಡ ನಾಲ್ಕು ಸಾಕ್ಷಿಗಳು ಬೇಕು, ನಾಲ್ಕು ಇಲ್ಲದೆ ಬಾಯಿ ಬಿಟ್ಟವನಿಗೇ 80 ಏಟು. ತಾನಾಗಿ ಬಂದು ತಪ್ಪೊಪ್ಪಿಕೊಂಡವನಿಂದ ಪ್ರವಾದಿಯವರು ಮತ್ತೆ ಮತ್ತೆ ಮುಖ ತಿರುಗಿಸಿಕೊಂಡ ಘಟನೆ ಹದೀಸುಗಳಲ್ಲಿದೆ. ಅನುಮಾನ ಬಂದಲ್ಲಿ ಹುದೂದನ್ನು ತಪ್ಪಿಸಿ, ಶಿಕ್ಷಿಸಿ ತಪ್ಪುವುದಕ್ಕಿಂತ ಬಿಟ್ಟು ತಪ್ಪುವುದು ಮೇಲು ಎಂಬ ಸೂತ್ರವನ್ನು ಹಳೆಯ ಪಂಡಿತರಲ್ಲಿ ಹೆಚ್ಚಿನವರು ಹಿಡಿದಿದ್ದಾರೆ.

ಧರ್ಮ ಬಿಟ್ಟವನ ವಿಷಯ ಎಲ್ಲಕ್ಕಿಂತ ಕಷ್ಟದ್ದು, ಅದನ್ನು ಮುಚ್ಚಿಡುವುದು ಸರಿಯಲ್ಲ. ಹಳೆಯ ಧರ್ಮಶಾಸ್ತ್ರಜ್ಞರಲ್ಲಿ ಹೆಚ್ಚಿನವರು ಹದೀಸಿನ ಆಧಾರದಲ್ಲಿ ಮರಣದಂಡನೆ ಹೇಳಿದ್ದಾರೆ. ಹನಫಿಗಳು ಹೆಂಗಸರನ್ನು ಬಿಟ್ಟಿದ್ದಾರೆ, ಅವರು ಯುದ್ಧ ಮಾಡುವವರಲ್ಲ ಎಂಬ ಕಾರಣಕ್ಕೆ. ಅಂದರೆ ಶಿಕ್ಷೆ ನಂಬಿಕೆ ಬಿಟ್ಟದ್ದಕ್ಕಿಂತ ದಂಗೆ ಎದ್ದದ್ದಕ್ಕೆ ಎಂಬ ಎಳೆ ಅವರಲ್ಲೇ ಇತ್ತು. ಕುರ್‌ಆನ್ ಇದಕ್ಕೆ ಈ ಲೋಕದ ಯಾವ ಶಿಕ್ಷೆಯನ್ನೂ ಹೇಳಿಲ್ಲ, ಧರ್ಮದಲ್ಲಿ ಬಲಾತ್ಕಾರವಿಲ್ಲ ಎಂದಿದೆ. ಈಜಿಪ್ಟಿನ ಅಲ್-ಅಝ್‌ಹರ್ ವಿದ್ಯಾಪೀಠದ ಮುಖ್ಯಸ್ಥರಾಗಿದ್ದ ಮಹ್ಮೂದ್ ಶಲ್ತೂತ್ ಅವರಂಥ ಆಧುನಿಕ ವಿದ್ವಾಂಸರು ಈ ಶಿಕ್ಷೆಯನ್ನು ಪ್ರಶ್ನಿಸಿದ್ದಾರೆ. ನಾನು ಅವರ ಕಡೆ.

ಇವತ್ತು ಜಗತ್ತಿನಲ್ಲಿ ಇಸ್ಲಾಮಿನ ಹೆಸರಿನಲ್ಲಿ ಬೀಳುವ ಎಷ್ಟೋ ತಲೆಗಳು ಕಿಸಾಸಿನವೂ ಅಲ್ಲ, ಹುದೂದಿನವೂ ಅಲ್ಲ. ಮೂರನೆಯದೊಂದು ಖಾನೆ ಇದೆ, ತಅ್‌ಝೀರ್. ಗ್ರಂಥದಲ್ಲಿ ಗೊತ್ತುಮಾಡದ ಅಪರಾಧಕ್ಕೆ ಆಳುವವನು ತನ್ನ ವಿವೇಚನೆಯಲ್ಲಿ ಕೊಡುವ ಶಿಕ್ಷೆ ಅದು. ಮಾದಕವಸ್ತು ಸಾಗಿಸಿದವರನ್ನು ಸೌದಿಯಲ್ಲಿ ಕೊಲ್ಲುವುದು ಈ ಬಾಗಿಲಿನಿಂದ. ಕುರ್‌ಆನಿನಲ್ಲಿ ಆ ಅಪರಾಧಕ್ಕೆ ಶಿಕ್ಷೆಯ ಹೆಸರೇ ಇಲ್ಲ. 2022ರ ಮಾರ್ಚ್ 12ರಂದು ಸೌದಿ ಭಯೋತ್ಪಾದನೆಯಂಥ ಆರೋಪಗಳ ಮೇಲೆ ಒಂದೇ ದಿನ 81 ಜನರಿಗೆ ಮರಣದಂಡನೆ ಜಾರಿ ಮಾಡಿತು. ಅಂಥ ಕಡೆ ಹಗ್ಗ ಪೂರ್ತಿ ದೊರೆಯ ಕೈಯಲ್ಲಿದೆ, ಬಿಚ್ಚಬಲ್ಲ ತಾಯಿ ಯಾರೂ ಇಲ್ಲ. ಕಿಸಾಸಿನ ವಚನ ಓದಿ ಇದನ್ನು ಸಮರ್ಥಿಸುವವರನ್ನು ಕಂಡರೆ ನನಗೆ ನಿಜಕ್ಕೂ ನೋವಾಗುತ್ತದೆ.

ಹಾಗಾದರೆ ಮರಣದಂಡನೆ ಬೇಡ ಎನ್ನುವ ಮುಸ್ಲಿಂ ಧರ್ಮದ ವಿರುದ್ಧ ಹೋದನೇ? ಕಿಸಾಸ್ ಕುರ್‌ಆನಿನಲ್ಲಿ ಇಲ್ಲವೇ ಇಲ್ಲ ಎಂದರೆ ಅದು ಸುಳ್ಳು. ಆದರೆ ಅದರ ಪ್ರಕಾರ ಕೊಲ್ಲುವುದು ಹಕ್ಕು, ಕೊಲ್ಲಲೇಬೇಕು ಎಂಬ ಕಡ್ಡಾಯ ಅಲ್ಲ. ಹಕ್ಕನ್ನು ಬಿಟ್ಟವನಿಗೆ ಪುಣ್ಯ ಎಂದೇ ಹೇಳಿದೆ. ಇವತ್ತಿನ ಪೊಲೀಸು, ಇವತ್ತಿನ ಸಾಕ್ಷಿ, ಇವತ್ತಿನ ಕೋರ್ಟುಗಳಲ್ಲಿ ಆ ನಿಬಂಧನೆಗಳು ಪೂರ್ತಿಯಾಗುವುದಿಲ್ಲ, ಆದ್ದರಿಂದ ತಡೆಹಿಡಿಯಿರಿ ಎನ್ನುವುದಕ್ಕೆ ದಾರಿ ಇದೆ. ಖಲೀಫಾ ಉಮರ್ ಬರಗಾಲದ ವರ್ಷ ಕಳ್ಳರ ಕೈ ಕಡಿಯುವುದನ್ನು ನಿಲ್ಲಿಸಿದ್ದನ್ನು ಇಂಥ ವಾದಕ್ಕೆ ಆಧಾರವಾಗಿ ತೋರಿಸುತ್ತಾರೆ. ಮುಸ್ಲಿಮರೇ ಹೆಚ್ಚಿರುವ ದೇಶಗಳೂ ಒಂದೇ ದಾರಿಯಲ್ಲಿಲ್ಲ. ಅಝರ್‌ಬೈಜಾನ್ 1998ರಲ್ಲಿ, ಟರ್ಕಿ ಮತ್ತು ಸೆನೆಗಲ್ 2004ರಲ್ಲಿ, ಉಜ್ಬೇಕಿಸ್ತಾನ 2008ರಲ್ಲಿ ಮರಣದಂಡನೆ ತೆಗೆದುಹಾಕಿದವು. ಟುನಿಸಿಯಾದಲ್ಲಿ 1991ರಿಂದ, ಮೊರಾಕೊ ಮತ್ತು ಅಲ್ಜೀರಿಯಾದಲ್ಲಿ 1993ರಿಂದ ಯಾರನ್ನೂ ಗಲ್ಲಿಗೇರಿಸಿಲ್ಲ. ಮಲೇಷ್ಯಾ 2023ರಲ್ಲಿ ಕಡ್ಡಾಯ ಮರಣದಂಡನೆಯನ್ನು ಕೈಬಿಟ್ಟಿತು. ಇಂಡೊನೇಷ್ಯಾ 2022ರಲ್ಲಿ ಒಪ್ಪಿದ ಹೊಸ ದಂಡಸಂಹಿತೆಯಲ್ಲಿ ಶಿಕ್ಷೆ ವಿಧಿಸಿದ ಮೇಲೆ ಹತ್ತು ವರ್ಷ ಕಾದು ನೋಡುವ ಅವಕಾಶವಿದೆ, ನಡತೆ ಒಳ್ಳೆಯದಿದ್ದರೆ ಜೀವಾವಧಿಗೆ ಇಳಿಸಬಹುದು. ಇವರೆಲ್ಲ ಧರ್ಮ ಬಿಟ್ಟವರಲ್ಲ.

ಪಕ್ಕದ ಮನೆಯ ತಾಯಿಗೆ ಮೊದಲು ಇದನ್ನು ಹೇಳಿ: ಗಾಡಿ ಓಡಿಸುವಾಗ ಆಗುವ ಅಪಘಾತಕ್ಕೆ ಅಲ್ಲಿ ಯಾರೂ ತಲೆ ತೆಗೆಯುವುದಿಲ್ಲ. ಅದು ಕೈತಪ್ಪಿದ ಸಾವು, ದಿಯತ್ ಕೊಡಬೇಕು, ತಪ್ಪು ಚಾಲಕನದಾದರೆ ಜೈಲೂ ಆಗಬಹುದು. ಗಾಡಿಗೆ ಇನ್ಶೂರೆನ್ಸ್ ಚಾಲ್ತಿಯಲ್ಲಿದ್ದು ಹುಡುಗನ ಲೈಸೆನ್ಸ್ ಸರಿಯಾಗಿದ್ದರೆ ದಿಯತ್‌ನ ಹೊರೆ ಸಾಮಾನ್ಯವಾಗಿ ಇನ್ಶೂರೆನ್ಸಿನ ಮೇಲೆ ಬೀಳುತ್ತದೆ. ಇನ್ಶೂರೆನ್ಸ್ ಮುಗಿದ ಗಾಡಿಯನ್ನು ಕಫೀಲ್, ಅಂದರೆ ಕೆಲಸಕ್ಕಿಟ್ಟುಕೊಂಡ ಯಜಮಾನ ಕೊಟ್ಟರೂ ಮುಟ್ಟಬಾರದು. ನೋಂದಾಯಿತ ಏಜೆಂಟ್ ಮೂಲಕವೇ ಹೋಗಲಿ. ಇಖಾಮಾದಲ್ಲಿ, ಅಂದರೆ ಅಲ್ಲಿಯ ವಾಸದ ಪರವಾನಗಿಯಲ್ಲಿ ಡ್ರೈವರ್ ಎಂದಿದ್ದರೆ ಡ್ರೈವರ್ ಕೆಲಸವನ್ನೇ ಮಾಡಲಿ. ಕೋಳಿಕ್ಕೋಡಿನ ಆ ಮನುಷ್ಯ ಹೌಸ್ ಡ್ರೈವರ್ ಆಗಿ ಹೋದವನು, ಪಾರ್ಶ್ವವಾಯು ಬಡಿದ ಹುಡುಗನನ್ನು ನೋಡಿಕೊಳ್ಳುವ ಕೆಲಸವೂ ಅವನ ತಲೆಗೆ ಬಂತು. 2006ರಲ್ಲಿ ಕಾರಿನಲ್ಲಿ ಹೋಗುವಾಗ ಆ ಹುಡುಗನ ಉಸಿರಾಟದ ಕೊಳವೆಗೆ ಕೈ ತಗುಲಿ ಹುಡುಗ ತೀರಿಕೊಂಡ, ಕೋರ್ಟು ಅದನ್ನು ಕೊಲೆ ಎಂದಿತು. ಏನೇ ತೊಂದರೆಯಾದರೂ ಓದಲು ಬಾರದ ಅರಬಿ ಹೇಳಿಕೆಗೆ ಸಹಿ ಹಾಕಬಾರದು, ದುಭಾಷಿ ಬೇಕೆಂದು ಕೇಳಬೇಕು. ರಿಯಾದಿನಲ್ಲಿ ನಮ್ಮ ರಾಯಭಾರ ಕಚೇರಿ, ಜಿದ್ದಾದಲ್ಲಿ ಕಾನ್ಸುಲೇಟ್ ಇದೆ, ಆ ನಂಬರುಗಳನ್ನು ಫೋನಿನಲ್ಲೂ ಒಂದು ಚೀಟಿಯಲ್ಲೂ ಬರೆದಿಟ್ಟುಕೊಳ್ಳಲಿ. ಇಲ್ಲಿಂದ ಮನೆಯವರು ವಿದೇಶಾಂಗ ಸಚಿವಾಲಯದ ಮದದ್ ಪೋರ್ಟಲ್‌ನಲ್ಲಿ ದೂರು ಹಾಕಬಹುದು. ಹೊರಡುವ ಮುಂಚೆ ಕೆಲಸದ ಕರಾರುಪತ್ರವನ್ನು ಮಸೀದಿಯ ಉಸ್ತಾದರ ಹತ್ತಿರ ಒಮ್ಮೆ ಓದಿಸಿ, ಅರಬಿ ಸಾಲುಗಳಲ್ಲಿ ಏನು ಕೆಲಸ ಎಂದು ಬರೆದಿದೆ ನೋಡಿಸಿ. ಒಂದು ಜೆರಾಕ್ಸ್ ತಾಯಿಯ ಹತ್ತಿರ ಇರಲಿ, ಇನ್ನೊಂದು ನಿಮ್ಮ ಹತ್ತಿರ.